ಸಾಕ್ಷ್ಯಶಾಸನದ 27ನೆಯ ಕಲಮು

ಪೊಲೀಸ್ ಅಧಿಕಾರಿಯ ಮುಂದೆ ಆಪಾದಿತನು ಮಾಡಿದ ತಪ್ಪೊಪ್ಪಿಗೆಯನ್ನು ಅವನ ವಿರುದ್ಧ ರುಜುವಾತುಪಡಿಸಕೂಡದೆಂದು 1872ರ ಭಾರತೀಯ ಸಾಕ್ಷ್ಯ ಅಧಿನಿಯಮದ 25ನೆಯ ಕಲಮೂ, ಪೊಲೀಸರ ವಶದಲ್ಲಿರುವಾಗ ಆಡಿದ ಒಪ್ಪಿಗೆಯು ಮ್ಯಾಜಿಸ್ಟ್ರೇಟರ ಸಮಕ್ಷಮದಲ್ಲಿ ಆದ ಹೊರತು ಸಲ್ಲದೆಂದು 26ನೆಯ ಕಲಮೂ ವಿಧಿಸಿದ ಬಳಿಕ, ಅವುಗಳ ಬೆನ್ನಿಗೇ ಬರುವ 27ನೆಯದು, ಅಂಥವನ ಮಾತಿನಿಂದ ಯಾವುದಾದರೊಂದು ಸಂಗತಿ ಪತ್ತೆಯಾದಲ್ಲಿ, ಆ ಸಂಗತಿಗೆ ಸ್ಪಷ್ಟವಾಗಿ ಸಂಬಂಧಿಸಿದ ಭಾಗದಷ್ಟನ್ನು ರುಜುವಾತುಪಡಿಸಬಹುದೆಂದು ಅಪವಾದವನ್ನು ಕಲ್ಪಿಸಿತು. ಶಾಸನವನ್ನು ರಚಿಸಿದ ಜೇಮ್ಸ್ ಫಿಟ್ಸ್‌ಜೇಮ್ಸ್ ಸ್ಟೀಫನ್ ಇದನ್ನು ಹೊಸದಾಗಿ ಸೃಷ್ಟಿಸಿದವನಲ್ಲ. 1861ರ ದಂಡಪ್ರಕ್ರಿಯಾ ಸಂಹಿತೆಯಲ್ಲಿದ್ದ ನಿಯಮಗಳೇ ಇಲ್ಲಿಗೆ ಬಂದವು. ಠಾಣೆಯಲ್ಲಿ ಹಿಂಸೆ ನಡೆಯುವುದೆಂಬ ಅರಿವು ಆ ಕಾಲದ ಶಾಸನಕರ್ತರಿಗೆ ಚೆನ್ನಾಗಿಯೇ ಇದ್ದಿತು. ಆದರೂ ನೆಲದಡಿಯಿಂದ ತೆಗೆದ ಒಡವೆಯೋ ಆಯುಧವೋ ಮಾತಿನ ನಿಜಕ್ಕೆ ತಾನೇ ಹೊಣೆಯಾಗಬಲ್ಲುದೆಂದು ಅವರು ನಂಬಿದರು. ಈ ನಂಬಿಕೆಯನ್ನು ಅವಿವೇಕವೆನ್ನಲಾಗದು. ಮಾತು ನಿಜವೇ ಎಂಬ ಪ್ರಶ್ನೆಗೆ ಅದು ಉತ್ತರವಾದೀತು. ಆ ಮಾತನ್ನು ಹೇಗೆ ಹೊರಡಿಸಲಾಯಿತೆಂಬ ಪ್ರಶ್ನೆಗೆ ಆಗದು.

ಈ ಕಲಮಿಗೆ ದೊರೆತ ವ್ಯಾಖ್ಯಾನಗಳಲ್ಲಿ, ಪುಲುಕುರಿ ಕೋಟಯ್ಯ ಪ್ರಕರಣದಲ್ಲಿ 1946ರ ಕೊನೆಗೆ ಪ್ರಿವಿ ಕೌನ್ಸಿಲಿನ ಪರವಾಗಿ ಸರ್ ಜಾನ್ ಬೋಮಾಂಟ್ ಬರೆದ ತೀರ್ಪು ಇಂದಿಗೂ ಶ್ರೇಷ್ಠವೆಂದೇ ನನ್ನ ಎಣಿಕೆ. ಕೆರೆಯ ಮೂಲೆಯಲ್ಲಿ ಹೊತ್ತು ಮುಳುಗುವ ವೇಳೆಗೆ ಹೊಂಚುಹಾಕಿ ಎದುರಾಳಿಗಳನ್ನು ಹೊಡೆದು ಕೊಂದೆವೆಂದೂ, ಈಟಿಯನ್ನೂ ಕೋಲನ್ನೂ ಊರಿನ ಬಣವೆಯೊಂದರಲ್ಲಿ ಅಡಗಿಸಿದೆನೆಂದೂ, ಬಂದರೆ ತೋರಿಸುವೆನೆಂದೂ ಆಪಾದಿತರಲ್ಲೊಬ್ಬನು ಹೇಳಿದ್ದನು. ಪತ್ತೆಯಾದ ಸಂಗತಿಯೆಂದರೆ ವಸ್ತುವಿದ್ದ ಸ್ಥಳವೂ ಅದರ ಬಗ್ಗೆ ಆಪಾದಿತನಿಗಿದ್ದ ತಿಳಿವಳಿಕೆಯೂ ಎಂದು ನಿರ್ಣಯಿಸಿದ ನ್ಯಾಯಾಧೀಶರು, ಬಣವೆಯ ಮಾತನ್ನು ಉಳಿಸಿಕೊಂಡು ಕೊಲೆಯ ಮಾತನ್ನು ಕತ್ತರಿಸಿ ಹೊರಗಿಟ್ಟರು. ಹಾಗಲ್ಲದೆ ವಸ್ತು ಸಿಕ್ಕಿತೆಂಬ ಮಾತ್ರಕ್ಕೆ ಹೇಳಿಕೆ ಸಮಸ್ತವೂ ಒಳಬರುವುದಾಗಿದ್ದರೆ, ಹಿಂದಿನೆರಡು ಕಲಮುಗಳು ಬರೆದೂ ಬರೆಯದಂತಾಗುತ್ತಿದ್ದವು. ಇಷ್ಟು ಸೂಕ್ಷ್ಮವಾದ ವಿಚಾರವನ್ನು ಅಷ್ಟು ಕೆಲವೇ ಪುಟಗಳಲ್ಲಿ ನಿರೂಪಿಸಿದ ಆ ಬರೆವಣಿಗೆಗೆ ಯಾವ ನ್ಯಾಯಪೀಠವಾದರೂ ಅಸೂಯೆಪಡಬೇಕು.

ಆದರೆ ಆ ಸೂಕ್ಷ್ಮತೆ ನಮ್ಮ ಠಾಣೆಗಳವರೆಗೆ ಇಳಿದು ಬಂದಿಲ್ಲ. ‘ಸ್ವ-ಇಚ್ಛಾ ಹೇಳಿಕೆ’ ಎಂಬ ತಲೆಬರಹದ ಕೆಳಗೆ, ದ್ವೇಷದ ಮೂಲದಿಂದ ಹಿಡಿದು ಕೊನೆಯ ಏಟಿನವರೆಗೆ ಸಮಗ್ರ ಕಥನವು ಬರೆಯಲ್ಪಟ್ಟು ದೋಷಾರೋಪಣ ಪಟ್ಟಿಯೊಡನೆ ಕಡತ ಸೇರುತ್ತದೆ. ಸಲ್ಲುವ ಭಾಗವನ್ನಷ್ಟೇ ಗುರುತಿಸಿ ನಿಶಾನೆ ಹಾಕಬೇಕಾದ ನ್ಯಾಯಾಧೀಶನು, ಸಲ್ಲದ ಭಾಗವನ್ನೂ ಮೊದಲು ಓದಲೇಬೇಕಾಗುತ್ತದೆ. ಇನ್ನು ಪಂಚರ ಪಾಡು: ವರ್ಷಗಳ ಅನಂತರ ಕಟಕಟೆಗೆ ಬಂದವನು, ಮಹಜರಿನಲ್ಲಿರುವ ಸಹಿ ತನ್ನದೆಂದೂ, ಅದನ್ನು ಹಾಕಿದ್ದು ಠಾಣೆಯಲ್ಲೆಂದೂ, ಅರಗಿನ ಮೊಹರು ಬಿದ್ದ ಮಚ್ಚನ್ನು ಈಗಲೇ ಮೊದಲು ಕಾಣುತ್ತಿರುವೆನೆಂದೂ ನುಡಿಯುತ್ತಾನೆ, ಅವನನ್ನು ಪ್ರತಿಕೂಲ ಸಾಕ್ಷಿಯೆಂದು ಪರಿಗಣಿಸಿ ಸರ್ಕಾರಿ ಅಭಿಯೋಜಕರು ಪಾಟೀಸವಾಲು ಮಾಡುತ್ತಾರೆ, ಕೊನೆಗೆ ಉಳಿಯುವುದು ತನಿಖಾಧಿಕಾರಿಯೊಬ್ಬನ ಮಾತು. ಯಾರ ಮಾತನ್ನು ನಂಬದೆ ಶಾಸನವು 25ನೆಯ ಕಲಮನ್ನು ರಚಿಸಿತೋ, ಅವನ ಮಾತಿನ ಮೇಲೆಯೇ 27ನೆಯದು ನಿಲ್ಲುವಂತಾಯಿತಲ್ಲ ಎಂಬುದು ನನ್ನ ಮುಖ್ಯ ಆಕ್ಷೇಪ. ಕರ್ನಾಟಕದಿಂದ ಹೋದ ಕೊಲೆ ಮೊಕದ್ದಮೆಯೊಂದರಲ್ಲಿ 2022ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಸ್ವತಂತ್ರ ಪಂಚರ ಎದುರಿನಲ್ಲಿಯೇ ಆಪಾದಿತನು ಹೇಳಿಕೆ ಕೊಡಬೇಕೆಂದೂ, ಅವನಾಡಿದ ಮಾತುಗಳನ್ನು ಅಧಿಕಾರಿಯು ನ್ಯಾಯಾಲಯದಲ್ಲಿ ಯಥಾವತ್ತಾಗಿ ನುಡಿಯಬೇಕೆಂದೂ ವಿಶದಪಡಿಸಿ ಆಪಾದಿತನನ್ನು ಬಿಡುಗಡೆ ಮಾಡಿದ್ದು ಈ ದೌರ್ಬಲ್ಯವನ್ನು ಕಂಡೇ.

2024ರ ಜುಲೈ 1ರಿಂದ ಜಾರಿಗೆ ಬಂದ ಹೊಸ ಭಾರತೀಯ ಸಾಕ್ಷ್ಯ ಅಧಿನಿಯಮವು ಮೂರು ಕಲಮುಗಳನ್ನೂ 23ನೆಯದರಲ್ಲಿ ಒಟ್ಟುಗೂಡಿಸಿ, ಹಳೆಯ 27ನ್ನು ಪರಂತುಕವಾಗಿ ಇರಿಸಿಕೊಂಡಿದೆ. ಸಂಖ್ಯೆಗಳು ಬದಲಾದುವೇ ವಿನಾ ಸಾರ ಬದಲಾಗಲಿಲ್ಲ. ಜೊತೆಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯ 105ನೆಯ ಕಲಮು ಶೋಧನೆ ಮತ್ತು ಜಪ್ತಿಯ ದೃಶ್ಯಮುದ್ರಣವನ್ನು ಕಡ್ಡಾಯಗೊಳಿಸಿರುವುದು ಸ್ವಾಗತಾರ್ಹ. ಆದರೆ ವಿವಾದವಿರುವುದು ಬಣವೆಯಿಂದ ಈಟಿಯನ್ನು ಎಳೆಯುವ ಗಳಿಗೆಯಲ್ಲಿ ಅಲ್ಲವಷ್ಟೆ. ಅದಕ್ಕೂ ಹಿಂದೆ, ಠಾಣೆಯ ಕೋಣೆಯಲ್ಲಿ, ಆಪಾದಿತನ ಬಾಯಿಂದ ಮೊದಲ ಮಾತು ಹೊರಟ ಗಳಿಗೆಯಲ್ಲಿ. ಅದನ್ನು ಮುದ್ರಿಸಲೇಬೇಕೆಂಬ ವಿಧಿ ಆ ಕಲಮಿನಲ್ಲಿಲ್ಲ; ಅದು ಬರುವತನಕ ಪಂಚರ ಬೆಂಬಲವಿಲ್ಲದ ಇಂಥ ಪತ್ತೆಯೊಂದನ್ನೇ ಆಧರಿಸಿ ಯಾರನ್ನೂ ಶಿಕ್ಷಿಸಬಾರದು.