ಷೈರಿನ ಸುಭಿಕ್ಷ ವರ್ಷ: ಟೋಲ್ಕಿನ್ನರ ಕಥಾಜಗತ್ತಿನಲ್ಲಿ ಸಮೃದ್ಧಿಯ ಅಳತೆ

ಜೆ. ಆರ್. ಆರ್. ಟೋಲ್ಕಿನ್ನರ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಬೃಹತ್ಕಥೆ 1954-55ರಲ್ಲಿ ಮೂರು ಸಂಪುಟಗಳಾಗಿ ಪ್ರಕಟವಾಯಿತು. ಅದರ ಯುದ್ಧವನ್ನೂ ಉಂಗುರವನ್ನೂ ಕುರಿತು ಬೇಕಾದಷ್ಟು ಬರೆಯಲಾಗಿದೆ. ನಾವು ಇಲ್ಲಿ ಪರಿಶೀಲಿಸಹೊರಟಿರುವುದು ಕಡೆಯ ಅಧ್ಯಾಯದ ಕೆಲವೇ ಪುಟಗಳನ್ನು. ಯುದ್ಧ ಮುಗಿದ ಮರುವರ್ಷ, ಷೈರ್ ಗಣನೆಯ 1420ರಲ್ಲಿ, ಹಾಬಿಟ್ಟರೆಂಬ ಕುಳ್ಳ ಜನರ ನಾಡಿಗೆ ಒದಗಿದ ಸುಭಿಕ್ಷದ ವರ್ಣನೆ ಅಲ್ಲಿದೆ. ಕಥೆಗೆ ಹಾಡಿದ ಮಂಗಳವೆಂದು ಅದನ್ನು ಓದಿ ಮುಂದೆ ಸಾಗುವುದು ಸುಲಭ. ಇತಿಹಾಸದ ಅಭ್ಯಾಸಿಗಳಾದ ನಮಗಾದರೋ ಅದೊಂದು ಲೆಕ್ಕಪತ್ರದಂತೆ ಕಾಣುತ್ತದೆ. ಲೆಕ್ಕಪತ್ರವೆಂದ ಮೇಲೆ ತಾಳೆ ನೋಡದೆ ವಿಧಿಯಿಲ್ಲ.

ಲೋತ್ಲೋರಿಯನ್ ವನದ ಒಡತಿ ಗಲಾಡ್ರಿಯಲ್ ತೋಟಗಾರ ಸ್ಯಾಮನಿಗೆ ಒಂದು ಚಿಕ್ಕ ಮರದ ಪೆಟ್ಟಿಗೆಯನ್ನು ಕೊಟ್ಟಿದ್ದಳು. ಅದರಲ್ಲಿದ್ದುದು ಆಕೆಯ ತೋಟದ ಬೂದುಬಣ್ಣದ ನುಣ್ಮಣ್ಣು, ನಡುವೆ ಒಂದೇ ಒಂದು ಬೀಜ. ಹಾಳಾದ ನಾಡಿಗೆ ಮರಳಿದ ಮೇಲೆ ಇದನ್ನು ಏನು ಮಾಡುವುದೆಂಬ ಚರ್ಚೆ ಗೆಳೆಯರಲ್ಲಿ ನಡೆಯುತ್ತದೆ. ಗಾಳಿಗೆ ತೂರಿಬಿಡು ಎನ್ನುತ್ತಾನೆ ಒಬ್ಬ. ಒಂದು ಕಡೆ ಸಸಿಮಡಿ ಮಾಡಿ ನೋಡು ಎನ್ನುತ್ತಾನೆ ಇನ್ನೊಬ್ಬ. ಸ್ಯಾಮನ ಒಡೆಯನಾದ ಫ್ರೋಡೋ ಹೇಳುವುದು ಬೇರೆ: ಮೊದಲು ನಿನ್ನ ಬುದ್ಧಿಯನ್ನೂ ಅನುಭವವನ್ನೂ ದುಡಿಸು, ಆ ದುಡಿಮೆಗೆ ಇದನ್ನು ಮಿತವಾಗಿ ಕೂಡಿಸು. ಇಷ್ಟೊಂದು ಜನ ನೊಂದಿರುವಾಗ ಎಲ್ಲವನ್ನೂ ತನ್ನ ತೋಟಕ್ಕೇ ಹಾಕಿಕೊಳ್ಳಲು ಸ್ಯಾಮನಿಗೆ ಮನಸ್ಸಿಲ್ಲ. ಅವನು ನಾಡೆಲ್ಲ ತಿರುಗಿ, ಕಡಿದುಹೋದ ಮರಗಳ ಸ್ಥಳದಲ್ಲಿ ಸಸಿ ನೆಟ್ಟು, ಒಂದೊಂದರ ಬೇರಿಗೂ ಒಂದೊಂದು ಕಣವನ್ನು ಇಡುತ್ತಾನೆ. ಮಿಕ್ಕ ಚೂರನ್ನು ನಾಡಿನ ನಡುವಿನ, ಮೂರು ಪಾಲುಗಳ ಎಲ್ಲೆ ಕೂಡುವ ಗಡಿಗಲ್ಲಿನ ಬಳಿ ಗಾಳಿಗೆ ಬಿಡುತ್ತಾನೆ.

ಸಮೃದ್ಧಿ ಇಲ್ಲಿ ಬರಿಯ ಆಶೀರ್ವಾದವಲ್ಲ, ಕಣಗಳಲ್ಲಿ ಎಣಿಸಬಹುದಾದ, ಮುಗಿದುಹೋಗಬಹುದಾದ ವಸ್ತು. ಕುಬ್ಜರ ಉಂಗುರಗಳೂ ಸಂಪತ್ತನ್ನು ಬೆಳೆಸುವಂಥವೇ. ಆದರೆ ಚಿನ್ನವಿದ್ದವನಲ್ಲಿಯೇ ಅವು ಚಿನ್ನವನ್ನು ಹೆಚ್ಚಿಸುತ್ತವೆ. ಸ್ಯಾಮನ ಮಣ್ಣಿಗೆ ಬೇಕಾದುದು ಭೂಮಿ ಮತ್ತು ದುಡಿಯುವ ಕೈ. ಹಿಂದಿನ ಅಧ್ಯಾಯವನ್ನೂ ಇದರ ಜೊತೆಗಿಟ್ಟು ಓದಬೇಕು. ಅಲ್ಲಿ ದುರುಳರು ಊರೂರು ತಿರುಗಿ ಬೆಳೆಯನ್ನು ಎಣಿಸಿ, ಅಳೆದು, ಸರಿಹಂಚಿಕೆಯ ಹೆಸರಿನಲ್ಲಿ ಉಗ್ರಾಣಕ್ಕೆ ಹೊತ್ತೊಯ್ಯುತ್ತಾರೆ. ಹಂಚಿದ್ದು ಮಾತ್ರ ಅಲ್ಪ. ಇದರಿಂದ ಟೋಲ್ಕಿನ್ನರು ಅಳತೆಯ ಹಗೆಯೆಂದು ತೀರ್ಮಾನಿಸುವುದು ಅವಸರವಾದೀತು. ಸ್ಯಾಮನೂ ಎಣಿಸುತ್ತಾನೆ, ಕೊಡುವುದಕ್ಕಾಗಿ. ನಮ್ಮ ಕಣಗಳಲ್ಲಿ ರಾಶಿ ಅಳೆಯುವವನು ಮೊದಲ ಕೊಳಗವನ್ನು ‘ಒಂದು’ ಎನ್ನದೆ ‘ಲಾಭ’ ಎನ್ನುವುದನ್ನು ಕೇಳಿದವರಿಗೆ, ಅಳತೆಯೂ ಹುಲುಸೂ ಪರಸ್ಪರ ವಿರೋಧಿಗಳಲ್ಲವೆಂದು ವಿವರಿಸಬೇಕಾಗಿಲ್ಲ.

ಇಂಥ ಭಾವನೆಗೆ ಚರಿತ್ರೆಯಲ್ಲಿ ಆಧಾರವಿಲ್ಲದೆ ಇಲ್ಲ. ಹದಿಮೂರನೆಯ ಶತಮಾನದ ಐಸ್‌ಲೆಂಡಿನ ಸ್ನೋರಿ ಸ್ಟುರ್ಲುಸನ್ ತನ್ನ ‘ಹೈಮ್ಸ್‌ಕ್ರಿಂಗ್ಲ’ದಲ್ಲಿ ನಾರ್ವೆಯ ಕರಿಯ ಹಾಲ್ಫ್‌ಡಾನನ ಕಥೆಯನ್ನು ಹೇಳಿದ್ದಾನೆ. ಆ ಅರಸನ ಕಾಲದಲ್ಲಿ ಬೆಳೆ ಬಹಳ ಚೆನ್ನಾಗಿದ್ದಿತು. ಅವನು ಮಂಜುಗಡ್ಡೆ ಒಡೆದು ನೀರಿಗೆ ಬಿದ್ದು ಸತ್ತಾಗ, ಹೆಣ ಯಾವ ಸೀಮೆಯಲ್ಲಿರುವುದೋ ಅಲ್ಲಿ ಸುಭಿಕ್ಷವೆಂದು ಜನರು ಅದಕ್ಕಾಗಿ ಪೈಪೋಟಿ ನಡೆಸಿದರು. ಕಡೆಗೆ ದೇಹವನ್ನು ನಾಲ್ಕು ಭಾಗ ಮಾಡಿ ನಾಲ್ಕು ಸೀಮೆಗಳಲ್ಲಿ ಹೂಳಲಾಯಿತು. ಷೈರಿಗೂ ಪಾಲುಗಳು ನಾಲ್ಕು. ಟೋಲ್ಕಿನ್ನರು ಆಕ್ಸ್‌ಫರ್ಡಿನಲ್ಲಿ ಪ್ರಾಚೀನ ನಾರ್ಸ್ ಭಾಷೆಯನ್ನು ಬೋಧಿಸಿದ ವಿದ್ವಾಂಸರು; ಆದರೂ ಅವರು ಈ ಕಥೆಯನ್ನೇ ಅನುಸರಿಸಿದರೆಂದು ನಾವು ವಾದಿಸುವುದಿಲ್ಲ. ನಮಗೆ ಮುಖ್ಯವಾದುದು ವ್ಯತ್ಯಾಸ. ನಾರ್ವೆಯ ಹುಲುಸು ಅರಸನ ಮೈಯಲ್ಲಿತ್ತು. ಅದನ್ನು ಹಂಚಬೇಕಾದರೆ ಮೈಯನ್ನೇ ತುಂಡರಿಸಬೇಕಾಯಿತು. ಷೈರಿನದು ಪೆಟ್ಟಿಗೆಯಲ್ಲಿ ಬಂದಿತು, ಯಾರ ಮೈಯನ್ನೂ ಕೇಳಲಿಲ್ಲ. ಮೇಲುನೋಟಕ್ಕೆ ಹಾಗೆ ತೋರುತ್ತದೆ.

ಈಗ 1420ರ ಲೆಕ್ಕವನ್ನು ನೋಡೋಣ. ಹದವಾದ ಮಳೆ ಬಿಸಿಲು. ಕಣಜಗಳು ತುಂಬಿ ತುಳುಕಿದುವು. ಬಾರ್ಲಿಯ ಮದ್ಯದ ಹೆಸರು ಒಂದು ತಲೆಮಾರಿನ ತನಕ ಉಳಿಯಿತು. ಮಕ್ಕಳು ಬಹಳವಾಗಿ ಹುಟ್ಟಿದರು, ಹಲವರಿಗೆ ಹೊಂಗೂದಲು. (ಏಳಿಗೆಯ ಗುರುತನ್ನು ಕೂದಲ ಬಣ್ಣದಲ್ಲಿ ಕಾಣುವ ಈ ಅಭಿರುಚಿ ನಮಗೆ ಹಿಡಿಸದು.) ಆ ವರ್ಷ ಯಾರಿಗೂ ಕಾಯಿಲೆಯಾಗಲಿಲ್ಲವೆಂದೂ ಅಲ್ಲಿ ದಾಖಲಾಗಿದೆ. ತಾಳೆ ತಪ್ಪುವುದು ಇಲ್ಲಿಯೇ. ಸ್ವಲ್ಪ ಮುಂದೆ, ಅದೇ ಅಧ್ಯಾಯದಲ್ಲಿ, ಅದೇ ವರ್ಷದ ಮಾರ್ಚ್ 13ರಂದು ಫ್ರೋಡೋ ಹಾಸಿಗೆ ಹಿಡಿದು ಅರೆಪ್ರಜ್ಞೆಯಲ್ಲಿ ಮಲಗಿರುವುದನ್ನು ಮನೆಯ ಯಜಮಾನನಾದ ಒಬ್ಬ ರೈತನು ಕಾಣುತ್ತಾನೆ. ಅಕ್ಟೋಬರಿನಲ್ಲಿ, ಗಾಯಗೊಂಡ ತಿಥಿಯಂದೇ, ನೋವು ಮರುಕಳಿಸುತ್ತದೆ.

ಇದನ್ನು ಗ್ರಂಥಕರ್ತರ ಅನವಧಾನವೆನ್ನಬಹುದೆ? ನಾವು ಒಪ್ಪುವುದಿಲ್ಲ. ಮಾರ್ಚಿಯಲ್ಲಿ ಸ್ಯಾಮನು ಮನೆಯಲ್ಲಿರಲಿಲ್ಲ, ಆದ್ದರಿಂದ ಅವನಿಗೆ ತಿಳಿಯಲಿಲ್ಲ ಎಂದು ಕಥೆಯೇ ಸ್ಪಷ್ಟವಾಗಿ ಹೇಳುತ್ತದೆ. ಅವನು ಹೋಗಿದ್ದುದು ಮರ ಬೆಳೆಸುವ ಕೆಲಸಕ್ಕೇ. 25ರಂದು ಅವನು ಹಿಂದಿರುಗಿದಾಗ ಫ್ರೋಡೋ ಚೇತರಿಸಿಕೊಂಡಿದ್ದ. ತನ್ನ ವಿಷಯವಾಗಿ ಏನನ್ನೂ ಹೇಳಲಿಲ್ಲ. ಕಥಾಸಂಕೇತದ ಪ್ರಕಾರ ಈ ಗ್ರಂಥ ಫ್ರೋಡೋ ಬರೆದದ್ದು, ಕೊನೆಯ ಹಾಳೆಗಳನ್ನು ಅವನು ಸ್ಯಾಮನಿಗಾಗಿ ಬಿಟ್ಟನು. ಹಾಗಾದರೆ ‘ಯಾರಿಗೂ ಕಾಯಿಲೆಯಿಲ್ಲ’ ಎಂಬುದು ಯಾರ ಸಾಕ್ಷ್ಯ? ಶಾಸನಗಳಲ್ಲಿ ‘ಸಮಸ್ತ ಪ್ರಜೆಗಳು ಸುಖದಿಂದಿರೆ’ ಎಂಬ ಧಾಟಿಯ ಮಾತನ್ನು ಕಂಡಾಗ ನಾವು ಕೇಳುವ ಪ್ರಶ್ನೆ ಇದೇ. ಎಣಿಕೆಯಲ್ಲಿ ಸೇರಿದವರು ಸುಖವಾಗಿದ್ದರು; ಫ್ರೋಡೋ ಎಣಿಕೆಯಲ್ಲಿ ಸೇರಿರಲಿಲ್ಲ. ಅವನು ಮಾಡಿದ್ದೇನೆಂದು ನಾಡಿನವರಲ್ಲಿ ತಿಳಿದವರೂ ಕಡಮೆ, ತಿಳಿಯಬಯಸಿದವರೂ ಕಡಮೆ.

ಹಾಲ್ಫ್‌ಡಾನನ ಹೆಣವನ್ನು ನಾಲ್ಕು ಸೀಮೆಯವರು ಬೇಡಿ ಪಡೆದರು. ಷೈರಿನ ಸುಭಿಕ್ಷಕ್ಕೂ ಒಂದು ಮೈ ತೆತ್ತುದುಂಟು, ಆದರೆ ಅದನ್ನು ಬೇಡಿದವರಿಲ್ಲ. ಮರುವರ್ಷ, 1421ರ ಸೆಪ್ಟೆಂಬರಿನಲ್ಲಿ, ಫ್ರೋಡೋ ಹಡಗು ಹತ್ತಿ ನಾಡನ್ನು ಬಿಡುತ್ತಾನೆ. ಮಣ್ಣನ್ನು ಕೊಟ್ಟ ಗಲಾಡ್ರಿಯಲ್ಲಳೂ ಅದೇ ಹಡಗಿನಲ್ಲಿದ್ದಾಳೆ.