ಹಾಜರಿ ಪುಸ್ತಕ ಮುಚ್ಚಿದ ಮೇಲೆ

ದಲಿತ ಆತ್ಮಕತೆಗಳ ಶಾಲೆ, ಹಾಸ್ಟೆಲ್ಲಿನ ಪುಟಗಳಿಗೆ ನಮ್ಮ ವಿಮರ್ಶಕರು ಚೆನ್ನಾಗಿ ಮರುಗುತ್ತಾರೆ. ಆಮೇಲೆ? ಹುಡುಗ ಓದಿದ, ನೌಕರಿ ಹಿಡಿದ, ಗೆದ್ದ ಅಂತ ಪುಸ್ತಕ ಮಡಿಸಿಡುತ್ತಾರೆ. ಮೀಸೆ ಚಿಗುರುವ ವಯಸ್ಸಿನಲ್ಲಿ ಕಲಿಸಿದ ಮೇಲು-ಕೀಳು ಮೊದಲ ಸಂಬಳದ ದಿನ ಕಳಚಿಬೀಳುತ್ತದೆ ಅನ್ನೋ ನಂಬಿಕೆ ಇದು. ಯಾವ ಪುಸ್ತಕ ಹಾಗೆ ಹೇಳಿದೆ?

ಅರವಿಂದ ಮಾಲಗತ್ತಿಯವರ 'ಗೌರ್ಮೆಂಟ್ ಬ್ರಾಹ್ಮಣ' (1994) ತಗೊಳ್ಳಿ. ಹೆಸರೇ ಒಂದು ಕುಟುಕು. ಸರ್ಕಾರದ ಸವಲತ್ತಿನಿಂದ ಓದುವವನಿಗೆ ಎಸೆಯುವ ಮಾತು. ಅವರು ವಿಶ್ವವಿದ್ಯಾನಿಲಯದ ಮೇಷ್ಟ್ರಾದ ಮೇಲೂ ಅದನ್ನೇ ರಟ್ಟಿನ ಮೇಲೆ ಹಾಕಿಸಿದರು. ಮಾತು ಹಳೇದಾಗಿದ್ದರೆ ತಾನೆ ಬಿಡೋದು?

ಈಗ ಊರೂರಲ್ಲಿ ಎಸ್ಸೆಸ್ಸೆಲ್ಸಿ ಬ್ಯಾಚಿನವರು ಸೇರಿ ಗುರುವಂದನೆ ಮಾಡ್ತಾರೆ. ಮೇಷ್ಟ್ರಿಗೆ ಶಾಲು, ಹಣ್ಣು. ಸಂತೋಷ. ಆದರೆ ವೇದಿಕೆ ಹತ್ತಿದವರು ಯಾರು, ಎಲೆ ಎತ್ತಿದವರು ಯಾರು ಅಂತ ನೋಡ್ರಿ. ಮೈಕಿನ ಮುಂದೆ ಅಂದಿನ ಮಾನಿಟರು. 'ಏನ್ಲಾ ಕರಿಯ, ಬಂದ್ಯಾ?' ಅಂತ ಕೂಗಿಸಿಕೊಂಡವನು ಈಗ ತಾಲ್ಲೂಕು ಕಚೇರಿಯ ಶಿರಸ್ತೇದಾರ. ನಗುತ್ತಾನೆ. ತಿರುಗಿ ಅವನು ಗೌಡರ ಮಗನನ್ನು ಹಳೇ ಅಡ್ಡಹೆಸರಲ್ಲಿ ಕೂಗಲಿ ನೋಡೋಣ! ಸಲಿಗೆ ಅನ್ನೋದು ಒಂದೇ ಕಡೆಯಿಂದ ಹರಿಯುವ ನೀರು. (ಹೆಣ್ಣುಮಕ್ಕಳು ಇಂಥ ಕೂಟಗಳಿಗೆ ಬರೋದೇ ಕಡಿಮೆ. ಆ ಕತೆ ಅವರೇ ಬರೀಬೇಕು.)

ಈ ನಗುವಿನಲ್ಲಿ ತೊಡಕಿದೆ. ಸಿದ್ಧಲಿಂಗಯ್ಯನವರ 'ಊರುಕೇರಿ' ಹಸಿವನ್ನೂ ನಗುತ್ತಲೇ ಹೇಳುತ್ತದೆ. ಅದು ಅದರ ಬಲ. ಆದರೆ ಕೂಡ ನಕ್ಕ ಮೇಲ್ಜಾತಿ ಓದುಗ, ಇವರು ಎಲ್ಲ ಕ್ಷಮಿಸಿಬಿಟ್ಟರು ಅಂದುಕೊಳ್ಳುತ್ತಾನೆ. ಹಾಗಂದುಕೊಳ್ಳಲು ಪುಸ್ತಕ ಒಂಚೂರು ಜಾಗ ಬಿಟ್ಟಿದೆ ಅನ್ನೋದು ನಮ್ಮ ತಕರಾರು. ಅಭಿಮಾನಿಗಳು ಬಯ್ಯಲಿ, ನಾವೂ ಅಭಿಮಾನಿಗಳೇ.

ಅಂಬೇಡ್ಕರ್ ಆ ಜಾಗ ಬಿಡುವುದಿಲ್ಲ. 'ವೇಟಿಂಗ್ ಫಾರ್ ಎ ವೀಸಾ'ದಲ್ಲಿ ಶಾಲೆಯ ನಲ್ಲಿ ಬರುತ್ತದೆ. ಜವಾನ ಇದ್ದರೆ ನೀರು, ಇಲ್ಲದ ದಿನ ಇಲ್ಲ. ಮುಂಬಯಿಯ ಹೈಸ್ಕೂಲಿನಲ್ಲಿ ಸಂಸ್ಕೃತ ಕಲಿಯಲು ಬಿಡಲಿಲ್ಲ, ಪರ್ಶಿಯನ್ ಓದಿ 1907ರಲ್ಲಿ ಮೆಟ್ರಿಕ್ ಮುಗಿಸಿದರು. ಕೊಲಂಬಿಯಾ, ಲಂಡನ್ ಕಂಡು 1917ರಲ್ಲಿ ಬರೋಡಾದ ಕಚೇರಿಗೆ ಬಂದರೆ ಜವಾನರು ಫೈಲನ್ನು ದೂರದಿಂದ ಎಸೆದರು. ಕುಡಿಯುವ ನೀರು ಅಲ್ಲೂ ಸಿಗಲಿಲ್ಲ. ಪಾರ್ಸಿಗಳ ವಸತಿಗೃಹದಿಂದ ದೊಣ್ಣೆ ಹಿಡಿದವರು ಹೊರಹಾಕಿದರು.

'ವೀಸಾ' ಚಿಕ್ಕ ಬರಹ. ಹಳ್ಳಿ ಮೇಷ್ಟ್ರುಗಳು ಒಂಬತ್ತನೇ ಕ್ಲಾಸಿನಲ್ಲಿ ಆ ನಲ್ಲಿಯ ಪುಟವನ್ನೂ ಬರೋಡಾದ ಪುಟವನ್ನೂ ಒಂದೇ ಪೀರಿಯಡ್ಡಿನಲ್ಲಿ ಓದಿಸಲಿ. ಆ ದಿನ ಕ್ಲಾಸು ಗುಡಿಸಿದವರು ಯಾರು ಅಂತಲೂ ಮಕ್ಕಳನ್ನೇ ಕೇಳಲಿ.