ಬಾಯಿ ತೆರೆಯದ ಕವಿ

ಕವಿಯೊಬ್ಬನ ಬದುಕನ್ನು ಸಿನಿಮಾ ಮಾಡುವವರು ಸಾಮಾನ್ಯವಾಗಿ ಹುಟ್ಟಿನಿಂದ ಹೊರಟು ಸಾವಿನಲ್ಲಿ ನಿಲ್ಲುತ್ತಾರೆ. ನಡುವೆ ಒಂದು ಪ್ರೇಮ, ಒಂದಿಷ್ಟು ಬಡತನ, ಕೊನೆಗೆ ಕೀರ್ತಿ. ಸೋವಿಯತ್ ನಿರ್ದೇಶಕ ಸೆರ್ಗೆಯ್ ಪರಜಾನೋವ್ 1969ರ 'ದಾಳಿಂಬೆಯ ಬಣ್ಣ' ಚಿತ್ರದಲ್ಲಿ ಬಾಲ್ಯದಿಂದ ಸಾವಿನವರೆಗಿನ ಅದೇ ದಾರಿ ಹಿಡಿದರೂ ಕಥೆ ಹೇಳುವುದಿಲ್ಲ. ಮಾತು ಇಲ್ಲವೆನ್ನುವಷ್ಟು ಕಡಿಮೆ. ಹಳೆಯ ಹಸ್ತಪ್ರತಿಗಳ ಚಿತ್ರಗಳಂತೆ ದೃಶ್ಯಗಳು ಒಂದೊಂದಾಗಿ ಎದುರು ನಿಲ್ಲುತ್ತವೆ.

ಚಿತ್ರದ ನಾಯಕ 18ನೇ ಶತಮಾನದ ಸಯಾತ್ ನೋವ. ಅರ್ಮೇನಿಯನ್ ಕ್ರೈಸ್ತ. ಜಾರ್ಜಿಯಾದ ದೊರೆ ಎರೆಕ್ಲೆಯ ಆಸ್ಥಾನದಲ್ಲಿದ್ದು, ಅಲ್ಲಿಂದ ಹೊರಹಾಕಲ್ಪಟ್ಟು, ಪಾದ್ರಿಯಾದವನು. 1795ರಲ್ಲಿ ಇರಾನಿನ ಆಗಾ ಮುಹಮ್ಮದ್ ಖಾನನ ದಾಳಿಯಲ್ಲಿ ಹತನಾದ. ಅರ್ಮೇನಿಯನ್, ಜಾರ್ಜಿಯನ್, ಅಜರ್‌ಬೈಜಾನಿ ಮೂರೂ ಭಾಷೆಗಳಲ್ಲಿ ಹಾಡು ಕಟ್ಟಿದ. ಅವನಂಥ ಹಾಡುಗಾರರನ್ನು ಅಲ್ಲಿ 'ಅಶೂಗ್' ಎನ್ನುತ್ತಾರೆ. ನಮಗೆ ಪರಿಚಿತವಾದ 'ಆಶಿಕ್' ಪದವೇ ಅದು.

ಮಳೆಯಲ್ಲಿ ನೆನೆದ ಗ್ರಂಥಗಳನ್ನು ಮಠದ ಮಾಡಿನ ಮೇಲೆ ಒಣಹಾಕಿದ್ದಾರೆ. ಗಾಳಿಗೆ ನೂರಾರು ಪುಟಗಳು ಪಟಪಟನೆ ಮಗುಚುತ್ತಿವೆ, ಅವುಗಳ ನಡುವೆ ಒಬ್ಬ ಹುಡುಗ. ಅಕ್ಷರದ ಮೋಹ ಹುಟ್ಟುವುದನ್ನು ಇದಕ್ಕಿಂತ ಚೆನ್ನಾಗಿ ತೋರಿಸಿದ ಬೇರೆ ಚಿತ್ರವನ್ನು ನಾನು ನೋಡಿಲ್ಲ. ತರುಣ ಕವಿ ಮತ್ತು ಅವನ ಪ್ರೇಯಸಿ, ಎರಡೂ ಪಾತ್ರಗಳನ್ನು ನಟಿ ಸೋಫಿಕೊ ಚಿಯಾವುರೇಲಿ ಒಬ್ಬರೇ ಮಾಡಿದ್ದಾರೆ. ಪ್ರೇಮಿಗೂ ಪ್ರೇಯಸಿಗೂ ಒಂದೇ ಮುಖ! ಸೂಫಿ ಕಾವ್ಯ ಓದಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಸೋವಿಯತ್ ಅಧಿಕಾರಿಗಳಿಗೆ ಇದು ರುಚಿಸಲಿಲ್ಲ. ಇದರಲ್ಲಿ ಕವಿಯ ಜೀವನಚರಿತ್ರೆ ಎಲ್ಲಿದೆ ಎಂದರು. 'ಸಯಾತ್ ನೋವ' ಎಂಬ ಮೂಲ ಹೆಸರನ್ನೇ ತೆಗೆಸಿದರು. ಆಮೇಲೆ ಯುಟ್ಕೆವಿಚ್ ಎಂಬ ಇನ್ನೊಬ್ಬ ನಿರ್ದೇಶಕರ ಕೈಯಲ್ಲಿ ಚಿತ್ರ ಮರುಸಂಕಲನಗೊಂಡಿತು. ಪರಜಾನೋವ್ ಬೇರೆ ಆರೋಪಗಳ ಮೇಲೆ 1973ರ ಕೊನೆಯಿಂದ 4 ವರ್ಷ ಸೆರೆಯಲ್ಲಿದ್ದರು.

ಅಧಿಕಾರಿಗಳ ಕತ್ತರಿಯನ್ನು ಒಪ್ಪುವುದು ಸಾಧ್ಯವಿಲ್ಲ. ಆದರೂ ಅವರ ಪ್ರಶ್ನೆ ಪೂರಾ ಮೂರ್ಖತನದ್ದಲ್ಲ. ಆಶಿಕ್ ಎಂದರೆ ಜನರ ನಡುವೆ ನಿಂತು ಹಾಡುವವನು. ಇಲ್ಲಿನ ಕವಿ ಬಾಯಿ ಮುಚ್ಚಿ ನಮ್ಮನ್ನು ದಿಟ್ಟಿಸುತ್ತಾನೆ. ಅರಮನೆ, ಮಠ ಕಣ್ಣು ತುಂಬುತ್ತವೆ. ಅವನ ಹಾಡಿಗೆ ತಲೆದೂಗಿದ ಸಾಮಾನ್ಯ ಜನ ಮಾತ್ರ ಅಷ್ಟಾಗಿ ಕಾಣುವುದಿಲ್ಲ. ಆ ಜನ ಬೇರೆ ಬೇರೆ ಭಾಷೆಯವರು, ಧರ್ಮದವರು ಎಂಬುದು ಇಂದು ಸಣ್ಣ ವಿಷಯವಲ್ಲ. 2020ರಲ್ಲಿ ಅರ್ಮೇನಿಯನ್ನರೂ ಅಜರ್‌ಬೈಜಾನಿಗಳೂ ಕರಬಾಖ್‌ಗಾಗಿ ಯುದ್ಧ ಮಾಡಿದರು. 2023ರಲ್ಲಿ ಲಕ್ಷ ಮಂದಿ ಅರ್ಮೇನಿಯನ್ನರು ಅಲ್ಲಿಂದ ಗಂಟುಮೂಟೆ ಕಟ್ಟಿದರು.

ಆ ಜಗಳ ಹೊತ್ತಿಕೊಂಡದ್ದು 1988ರಲ್ಲಿ. ಅರ್ಮೇನಿಯನ್ ಮನೆತನದ ಪರಜಾನೋವ್ ಅದೇ ವರ್ಷ ಇನ್ನೊಬ್ಬ ಆಶಿಕ್‌ನ ಮೇಲೆ 'ಆಶಿಕ್ ಕೆರಿಬ್' ಎಂಬ ಚಿತ್ರ ಹೊರತಂದರು. ಅದರ ಸಂಭಾಷಣೆ ಅಜರ್‌ಬೈಜಾನಿಯಲ್ಲಿದೆ.